ಮಣ್ಣಿನ ಬಂಡಿಯನ್ನು ಮಾಡಿದವರಾರು?



ಕಳೆದ ವರ್ಷದ ಸ್ನೇಹಸಮ್ಮೇಳನದಲ್ಲಿ ಒಂದು ಚಿಕ್ಕ ನಾಟಕವನ್ನು ಆಡಬೇಕೆಂದು ನಿಶ್ಚಯಿಸಿದುದು ನಿಮ್ಮಲ್ಲಿ ಅನೇಕರಿಗೆ ನೆನಪಿದ್ದೀತು. ಶೂದ್ರಕ ಕವಿಯ ಸಂಸ್ಕೃತ ನಾಟಕವಾದ 'ಮೃಚ್ಛಕಟಿಕ'ದಿಂದ ಮೂರು ದೃಶ್ಯಗಳನ್ನು ಆರಿಸಿ, ಅವುಗಳನ್ನು ತಿಳಿಗನ್ನಡದಲ್ಲಿ ಬರೆದು ತಂದಿದ್ದೆನು. ಪಾತ್ರಗಳನ್ನು ಹಂಚುವ ಹೊತ್ತಿಗೆ ತೊಡಕು ತಲೆದೋರಿತು. ಚಾರುದತ್ತನಾಗಲು ಏಳು ಹುಡುಗರು ಕೈಯೆತ್ತಿದರು. ವಸಂತಸೇನೆಯಾಗಲು ನಾಲ್ವರು ಹುಡುಗಿಯರು ಮುಂದೆ ಬಂದರು. ದುಷ್ಟನಾದ ಶಕಾರನ ಪಾತ್ರಕ್ಕೂ ಸಣ್ಣದೊಂದು ಜಗಳವೇ ಆಯಿತು. ಆದರೆ ಮನೆಯಾಳುಗಳ ಪಾತ್ರಗಳು ಮೂರಿದ್ದುವು. ಅವು ಯಾರಿಗೂ ಬೇಡವಾದುವು. ಒಬ್ಬ ವಿದ್ಯಾರ್ಥಿನಿಗೆ ರದನಿಕೆಯೆಂಬ ದಾಸಿಯ ಪಾತ್ರವನ್ನು ಕೊಡಹೋದಾಗ ಅವಳು ತಲೆಯನ್ನು ತಗ್ಗಿಸಿ, "ಬ್ಯಾಡ್ರೀ ಗುರುಗಳ. ನಮ್ಮವ್ವ ಮಂದಿ ಮನ್ಯಾಗ ಭಾಂಡೆ ತಿಕ್ಕತಾಳ. ನಾನು ನಾಟಕದಾಗೂ ಅದನ್ನs ಮಾಡಬೇಕೇನ್ರೀ?" ಎಂದು ಕೇಳಿದಳು.

ಆ ದಿನ ನನಗೆ ತಕ್ಕ ಉತ್ತರ ಹೊಳೆಯಲಿಲ್ಲ. ಪಾತ್ರವೆಂದರೆ ಪಾತ್ರ, ಅದರಲ್ಲಿ ಮೇಲು ಕೀಳು ಇಲ್ಲವೆಂದು ಹೇಳಿ ಮುಂದಕ್ಕೆ ಸರಿದೆನು. ಆ ಮಾತು ನನಗೇ ರುಚಿಸಲಿಲ್ಲ. ಮನೆಗೆ ಹೋದ ಮೇಲೆ ನಾಟಕವನ್ನು ಮೊದಲಿನಿಂದ ಕೊನೆಯವರೆಗೆ ಮತ್ತೊಮ್ಮೆ ಓದಿದೆನು. ಅದನ್ನು ನಾನೇ ಸರಿಯಾಗಿ ಓದಿರಲಿಲ್ಲವೆಂಬುದು ಆಗ ಮನವರಿಕೆಯಾಯಿತು. ಆ ವಿದ್ಯಾರ್ಥಿನಿಗೆ ಅಂದು ಕೊಡಲಾರದ ಉತ್ತರವನ್ನು ಇಂದು ಈ ಪುಟಗಳಲ್ಲಿ ನಿಮ್ಮೆಲ್ಲರಿಗೂ ಹೇಳಬೇಕೆಂದಿದ್ದೇನೆ. ಅದಕ್ಕಾಗಿ ನಿಮ್ಮನ್ನು ಸುಮಾರು ಒಂದು ಶತಮಾನದಷ್ಟು ಹಿಂದಕ್ಕೆ, ಚಲನಚಿತ್ರಕ್ಕೆ ಇನ್ನೂ ಮಾತು ಬಾರದಿದ್ದ ಕಾಲಕ್ಕೆ ಕರೆದೊಯ್ಯಬೇಕಾಗಿದೆ. ಏಕೆಂದರೆ ಇದೇ ಕಥೆಯನ್ನು ಆ ಕಾಲದಲ್ಲಿ ಮೂಕಿಚಿತ್ರವಾಗಿ ತೆಗೆದಿದ್ದರು. ಅದರಲ್ಲಿ ನಮ್ಮ ಕನ್ನಡನಾಡಿನ ಹಿರಿಯರು ಅಭಿನಯಿಸಿದ್ದರು.

ಮೂಕಿಚಿತ್ರವೆಂದರೇನು? ಇಂದು ನೀವು ಕೈಯೊಳಗಿನ ಮೊಬೈಲಿನಲ್ಲಿಯೇ ಚಿತ್ರವನ್ನು ನೋಡುತ್ತೀರಿ. ಮಾತು, ಹಾಡು, ಗುಡುಗು, ಎಲ್ಲವನ್ನೂ ಕೇಳುತ್ತೀರಿ. ಮೊದಲು ಹಾಗಿರಲಿಲ್ಲ. ಕೈಯಿಂದ ತಿರುಗಿಸುವ ಯಂತ್ರದಲ್ಲಿ ಸೆಕೆಂಡಿಗೆ ಸುಮಾರು 16 ಬಿಡಿಚಿತ್ರಗಳಂತೆ ಸೆರೆಹಿಡಿದು, ಅವುಗಳನ್ನು ಅದೇ ವೇಗದಲ್ಲಿ ಬಿಳಿಯ ಪರದೆಯ ಮೇಲೆ ಓಡಿಸಿದರೆ ಚಿತ್ರವು ಚಲಿಸಿದಂತೆ ತೋರುತ್ತಿದ್ದಿತು. ಧ್ವನಿಯನ್ನು ಚಿತ್ರದೊಡನೆ ಕೂಡಿಸುವ ಉಪಾಯ ಆಗ ನಮ್ಮಲ್ಲಿ ಬಂದಿರಲಿಲ್ಲ. ಮುಖ್ಯವಾದ ಮಾತುಗಳನ್ನು ಬರೆಹದ ಫಲಕದಲ್ಲಿ ಬರೆದು ನಡುನಡುವೆ ತೋರಿಸುತ್ತಿದ್ದರು. ಓದು ಬಾರದವರಿಗಾಗಿ ಒಬ್ಬನು ಪರದೆಯ ಬದಿಯಲ್ಲಿ ನಿಂತು ಆ ಬರೆಹವನ್ನು ಗಟ್ಟಿಯಾಗಿ ಓದಿ ಹೇಳುವುದೂ, ಹಾರ್ಮೋನಿಯಂ ತಬಲಾಗಳವರು ಸನ್ನಿವೇಶಕ್ಕೆ ತಕ್ಕಂತೆ ನುಡಿಸುವುದೂ ಉಂಟಾಗಿದ್ದಿತು. ಉಳಿದ ಕೆಲಸವನ್ನೆಲ್ಲ ನಟರ ಮುಖವೂ, ಕೈಗಳೂ, ನಡಿಗೆಯೂ ಮಾಡಬೇಕಾಗಿದ್ದಿತು.

ನಮ್ಮ ದೇಶದ ಮೊದಲ ಪೂರ್ಣ ಕಥಾಚಿತ್ರವೆಂದು ಹೆಸರಾದ 'ರಾಜಾ ಹರಿಶ್ಚಂದ್ರ'ವು 1913ರ ಮೇ 3ರಂದು ಮುಂಬಯಿಯಲ್ಲಿ ಬಿಡುಗಡೆಯಾಯಿತು. ಅದನ್ನು ನಿರ್ಮಿಸಿದವರು ದಾದಾಸಾಹೇಬ ಫಾಳಕೆಯವರು. ರಾಣಿ ತಾರಾಮತಿಯ ಪಾತ್ರಕ್ಕೆ ಅವರು ಹೆಂಗಸರನ್ನು ಹುಡುಕಿ ಹುಡುಕಿ ಸೋತರು. ಚಿತ್ರದಲ್ಲಿ ಅಭಿನಯಿಸುವುದು ಅಷ್ಟು ಹೀನವೆಂದು ಜನರು ಭಾವಿಸಿದ್ದರು. ಕೊನೆಗೆ ಒಂದು ಉಪಾಹಾರಗೃಹದಲ್ಲಿ ಅಡಿಗೆಯ ಕೆಲಸಕ್ಕಿದ್ದ ಅಣ್ಣಾ ಸಾಳುಂಕೆಯೆಂಬ ತರುಣನು ಅವರ ಕಣ್ಣಿಗೆ ಬಿದ್ದನು. ತಿಂಗಳಿಗೆ 10 ರೂಪಾಯಿ ಪಡೆಯುತ್ತಿದ್ದ ಅವನನ್ನು 15 ರೂಪಾಯಿಗೆ ಗೊತ್ತುಮಾಡಿಕೊಂಡು ಅವನಿಂದಲೇ ರಾಣಿಯ ವೇಷವನ್ನು ಹಾಕಿಸಿದರು. 1917ರ 'ಲಂಕಾದಹನ'ದಲ್ಲಿ ಇದೇ ಸಾಳುಂಕೆ ರಾಮನೂ ಆದನು, ಸೀತೆಯೂ ಆದನು. ಭಾರತೀಯ ಚಿತ್ರರಂಗದ ಮೊದಲ ರಾಣಿಯು ಅಡಿಗೆಯ ಮನೆಯಿಂದ ಎದ್ದುಬಂದ ಕೂಲಿಯಾಳು ಎಂಬುದನ್ನು ಇಲ್ಲಿ ನೆನಪಿನಲ್ಲಿಡಿರಿ.

ಆ ಕಾಲದ ಚಿತ್ರಗಳಲ್ಲಿ ಹೆಚ್ಚಿನವು ಪುರಾಣದ ಕಥೆಗಳು. ಬಡವರ ಬಾಳನ್ನು ಕುರಿತ ಚಿತ್ರಗಳು ಕಡಿಮೆ. ಅಂಥವುಗಳಲ್ಲಿ 1925ರ 'ಸಾವಕಾರಿ ಪಾಶ'ವು ಮುಖ್ಯವಾದುದು. ಕೊಲ್ಹಾಪುರದ ಬಾಬುರಾವ್ ಪೇಂಟರರು ಅದನ್ನು ನಿರ್ದೇಶಿಸಿದರು. ಸಾಲಗಾರನ ಬಲೆಗೆ ಸಿಕ್ಕಿ ಹೊಲವನ್ನು ಕಳೆದುಕೊಂಡ ರೈತನೊಬ್ಬನು ಊರನ್ನು ಬಿಟ್ಟು ನಗರಕ್ಕೆ ಬಂದು ಗಿರಣಿಯ ಕೂಲಿಯಾಗುವುದು ಅದರ ವಸ್ತು. ರೈತನಾಗಿ ಅಭಿನಯಿಸಿದವರು ಮುಂದೆ ಪ್ರಸಿದ್ಧ ನಿರ್ದೇಶಕರಾದ ವಿ. ಶಾಂತಾರಾಮರು. ವಿಜಯಪುರ, ಕಲಬುರಗಿ, ಬೀದರದ ಕಡೆಯಿಂದ ಗಂಟುಮೂಟೆ ಕಟ್ಟಿಕೊಂಡು ಪಿಂಪ್ರಿ, ಚಿಂಚವಾಡ, ಭೋಸರಿಗಳಿಗೆ ಬಂದ ಮನೆತನಗಳ ಮಕ್ಕಳಾದ ನಿಮಗೆ ಈ ಕಥೆಯನ್ನು ಬಿಡಿಸಿ ಹೇಳಬೇಕಾಗಿಲ್ಲ.

ಇನ್ನು ನಮ್ಮ ಕಥೆಗೆ ಬರೋಣ. 1930ರ ಸುಮಾರಿಗೆ ಮೋಹನ ಭವನಾನಿಯವರು 'ಮೃಚ್ಛಕಟಿಕ'ವನ್ನು 'ವಸಂತಸೇನಾ' ಎಂಬ ಮೂಕಿಚಿತ್ರವಾಗಿ ನಿರ್ದೇಶಿಸಿದರು. ಕನ್ನಡನಾಡಿನ ಮೂಕಿಚಿತ್ರಗಳ ಮೊದಲ ಸಾಲಿನಲ್ಲಿ ಅದರ ಹೆಸರು ಬರುತ್ತದೆ. ಏಣಾಕ್ಷಿ ರಾಮರಾವ್, ಕಮಲಾದೇವಿ ಚಟ್ಟೋಪಾಧ್ಯಾಯ, ನಮ್ಮ ಟಿ. ಪಿ. ಕೈಲಾಸಂ ಮೊದಲಾದವರು ಅದರಲ್ಲಿ ಅಭಿನಯಿಸಿದರು. ಮನೆಮನೆಯ ಆಡುಮಾತನ್ನು ರಂಗಕ್ಕೆ ತಂದು ಕನ್ನಡ ನಾಟಕದ ದಾರಿಯನ್ನೇ ಬದಲಿಸಿದ ಕೈಲಾಸಂ, ಒಂದೂ ಮಾತಿಲ್ಲದ ಚಿತ್ರದಲ್ಲಿ ಕಾಣಿಸಿಕೊಂಡರೆಂಬುದು ಸ್ವಾರಸ್ಯದ ಸಂಗತಿಯಾಗಿದೆ.

ಕಮಲಾದೇವಿಯವರ ವಿಷಯವನ್ನು ಒಂದೆರಡು ಮಾತುಗಳಲ್ಲಾದರೂ ಹೇಳಬೇಕು. ಅವರು 1903ರಲ್ಲಿ ಮಂಗಳೂರಿನಲ್ಲಿ ಜನಿಸಿದರು. ಬಾಲ್ಯದಲ್ಲಿಯೇ ವಿಧವೆಯಾದರು, ಮರುವಿವಾಹವಾದರು. 1926ರಲ್ಲಿ ಮದರಾಸು ಶಾಸನಸಭೆಗೆ ಸ್ಪರ್ಧಿಸಿ, ಹಾಗೆ ಚುನಾವಣೆಗೆ ನಿಂತ ಮೊದಲ ಮಹಿಳೆಯೆನಿಸಿದರು. 1930ರಲ್ಲಿ ಉಪ್ಪಿನ ಸತ್ಯಾಗ್ರಹಕ್ಕೆ ಧುಮುಕಿದರು. ಸ್ವಾತಂತ್ರ್ಯ ಬಂದ ಮೇಲೆ ನೇಕಾರರು, ಕುಂಬಾರರು, ಬಡಗಿಗಳು ಮೊದಲಾದ ಕೈಕಸುಬಿನವರಿಗಾಗಿ ದುಡಿದು 1988ರಲ್ಲಿ ತೀರಿಕೊಂಡರು. ಸುಸಂಸ್ಕೃತ ಮನೆತನದ ಹೆಣ್ಣುಮಗಳು ಪರದೆಯ ಮೇಲೆ ಮುಖವನ್ನು ತೋರಿಸಿದರೆ ಊರೆಲ್ಲ ಆಡಿಕೊಳ್ಳುತ್ತಿದ್ದ ಕಾಲದಲ್ಲಿ ಅವರು ಈ ಚಿತ್ರದಲ್ಲಿ ಅಭಿನಯಿಸಿದರು. ಇಂಥ ಪಾತ್ರ ಇಂಥವರಿಗೆ ಮಾತ್ರ ತಕ್ಕುದು ಎಂಬ ಗೆರೆಯನ್ನು ಅವರು ದಾಟಿದರು.

ಈಗ ಕಥೆಯನ್ನು ಕೇಳಿರಿ. ಉಜ್ಜಯಿನಿಯಲ್ಲಿ ಚಾರುದತ್ತನೆಂಬ ಉದಾರಿಯು ದಾನಮಾಡಿ ಮಾಡಿ ಬಡವನಾಗಿದ್ದನು. ವಸಂತಸೇನೆಯು ಅದೇ ನಗರದ ಗಣಿಕೆ. ಸಂಗೀತ ನೃತ್ಯಗಳಲ್ಲಿ ನಿಪುಣೆ, ಸಂಪತ್ತಿನಲ್ಲಿ ಕುಬೇರನಂಥವಳು. ಆದರೂ ಕುಲಸ್ಥರ ಒಳಮನೆಗೆ ಅವಳಿಗೆ ಪ್ರವೇಶವಿರಲಿಲ್ಲ. ಇವರಿಬ್ಬರಲ್ಲಿ ಪ್ರೀತಿ ಹುಟ್ಟಿತು. ರಾಜನ ಭಾವಮೈದುನನಾದ ಶಕಾರನು ಅವಳ ಬೆನ್ನುಹತ್ತಿದನು. ಇದು ಎಲ್ಲರಿಗೂ ಗೊತ್ತಿರುವ ಕಥೆ. 1984ರಲ್ಲಿ ನಮ್ಮ ಗಿರೀಶ ಕಾರ್ನಾಡರು ಇದನ್ನೇ ಆಧರಿಸಿ 'ಉತ್ಸವ್' ಎಂಬ ಹಿಂದೀ ಚಿತ್ರವನ್ನು ನಿರ್ದೇಶಿಸಿದರು. ನಮ್ಮ ಮರಾಠಿ ನೆರೆಹೊರೆಯವರಿಗೂ ಗೋವಿಂದ ಬಲ್ಲಾಳ ದೇವಲರ ಸಂಗೀತನಾಟಕದಿಂದ ಇದು ಪರಿಚಿತವಾಗಿದೆ. ಆದರೆ ಈ ಕಥೆಯನ್ನು ಒಂದು ಸಲ ಮನೆಯಾಳುಗಳ ಕಡೆಯಿಂದ ನೋಡಿರಿ. ಆಗ ಅದು ಬೇರೆಯಾಗಿಯೇ ಕಾಣುವುದು.

ಮೊದಲು ರದನಿಕೆ. ಅವಳು ಚಾರುದತ್ತನ ಮನೆಯ ದಾಸಿ. ಮೊದಲನೆಯ ಅಂಕದಲ್ಲಿ ಕತ್ತಲೆಯೊಳಗೆ ಶಕಾರನು ಅವಳನ್ನೇ ವಸಂತಸೇನೆಯೆಂದು ಬಗೆದು ಜಡೆಯನ್ನು ಹಿಡಿದೆಳೆಯುತ್ತಾನೆ. ಆಮೇಲೆ ಚಾರುದತ್ತನ ಗೆಳೆಯನಾದ ಮೈತ್ರೇಯನು ಅವಳಿಗೆ ಏನು ಹೇಳುತ್ತಾನೆ, ಬಲ್ಲಿರಾ? ಒಡೆಯನು ಮೊದಲೇ ಬಡತನದಿಂದ ನೊಂದಿದ್ದಾನೆ, ಈ ಅವಮಾನದ ಸುದ್ದಿಯನ್ನು ಅವನಿಗೆ ತಿಳಿಸಬೇಡ ಎಂದು. ತಾನು ನಾಲಗೆಯನ್ನು ಬಿಗಿಹಿಡಿಯಬಲ್ಲವಳೆಂದು ಅವಳು ಉತ್ತರವೀಯುತ್ತಾಳೆ. ಪೆಟ್ಟು ತಿಂದವಳು ಅವಳು, ಮೌನವಾಗಿರಬೇಕಾದವಳೂ ಅವಳೇ.

ಅದೇ ಕತ್ತಲೆಯಲ್ಲಿ ಇನ್ನೊಂದು ತಪ್ಪೂ ನಡೆಯುತ್ತದೆ. ತಪ್ಪಿಸಿಕೊಂಡು ಒಳಗೆ ಬಂದ ವಸಂತಸೇನೆಯನ್ನು ಚಾರುದತ್ತನು ರದನಿಕೆಯೆಂದು ತಿಳಿದು, ಮಗುವನ್ನು ಒಳಕ್ಕೆ ಕರೆದುಕೊಂಡು ಹೋಗೆಂದು ಅಪ್ಪಣೆಮಾಡುತ್ತಾನೆ. ನಿಜವು ತಿಳಿದಾಗ, ಗುರುತಿಸದೆ ಆಳಿನಂತೆ ನಡೆಸಿಕೊಂಡೆನೆಂದು ತಲೆಬಾಗಿ ಕ್ಷಮೆಯನ್ನು ಬೇಡುತ್ತಾನೆ. ಚಾರುದತ್ತನು ಸಜ್ಜನನೇ, ಅದರಲ್ಲಿ ಸಂದೇಹವಿಲ್ಲ. ಆದರೆ ಒಬ್ಬಳನ್ನು ಆಳೆಂದು ತಿಳಿದುದಕ್ಕೆ ಕ್ಷಮೆ ಕೇಳಬೇಕಾದರೆ, ನಿಜವಾಗಿ ಆಳಾಗಿರುವವಳ ಸ್ಥಾನವೇನೆಂಬುದು ಅಲ್ಲಿಯೇ ತಿಳಿದುಹೋಗುವುದು.

ನಾಟಕಕ್ಕೆ ಹೆಸರನ್ನು ಕೊಟ್ಟ ಮಣ್ಣಿನ ಬಂಡಿಯು ಆರನೆಯ ಅಂಕದಲ್ಲಿ ಬರುತ್ತದೆ. 'ಮೃತ್' ಎಂದರೆ ಮಣ್ಣು, 'ಶಕಟಿಕಾ' ಎಂದರೆ ಚಿಕ್ಕ ಬಂಡಿ. ಚಾರುದತ್ತನ ಮಗನಾದ ರೋಹಸೇನನು ನೆರೆಮನೆಯ ಹುಡುಗನ ಬಂಗಾರದ ಬಂಡಿಯೊಡನೆ ಆಡುತ್ತಿದ್ದನು. ಆ ಹುಡುಗನು ಅದನ್ನು ಒಯ್ದುಬಿಟ್ಟನು. ಮಗುವು ಹಟಹಿಡಿದು ಅತ್ತಿತು. ಆಗ ಮಣ್ಣನ್ನು ಕಲಸಿ ಬಂಡಿಯೊಂದನ್ನು ಮಾಡಿಕೊಟ್ಟವಳು ರದನಿಕೆ. ಮಗು ಸಮಾಧಾನಗೊಳ್ಳಲಿಲ್ಲವೆಂದು ವಸಂತಸೇನೆಯು ತನ್ನ ಒಡವೆಗಳನ್ನು ತೆಗೆದು ಅದರಲ್ಲಿ ತುಂಬಿದುದನ್ನು ಎಲ್ಲರೂ ಹೊಗಳುತ್ತಾರೆ. ಅದು ಹೊಗಳತಕ್ಕುದೇ ಸರಿ. ಆದರೆ ಬಂಡಿಯನ್ನು ಮಾಡಿದವಳ ಹೆಸರನ್ನು ಎಷ್ಟು ಮಂದಿ ಹೇಳುತ್ತಾರೆ? ಇಷ್ಟು ದೊಡ್ಡ ನಾಟಕಕ್ಕೆ ಹೆಸರಾಗಿ ನಿಂತಿರುವುದು ಒಬ್ಬ ಮನೆಗೆಲಸದವಳ ಕೈಗೆಲಸ.

ಎರಡನೆಯವಳು ಮದನಿಕೆ, ವಸಂತಸೇನೆಯ ದಾಸಿ. ಆ ಕಾಲದಲ್ಲಿ ದಾಸಿಯರನ್ನು ಹಣಕೊಟ್ಟು ಕೊಳ್ಳುತ್ತಿದ್ದರು, ಹಣಕೊಟ್ಟೇ ಬಿಡಿಸಿಕೊಳ್ಳಬೇಕಾಗಿದ್ದಿತು. ಅವಳನ್ನು ಪ್ರೀತಿಸಿದ ಶರ್ವಿಲಕನು ಬಿಡುಗಡೆಯ ಹಣಕ್ಕಾಗಿ ಚಾರುದತ್ತನ ಮನೆಗೆ ಕನ್ನಹಾಕಿ, ಅಲ್ಲಿ ಒತ್ತೆಯಾಗಿ ಇರಿಸಿದ್ದ ವಸಂತಸೇನೆಯ ಒಡವೆಗಳನ್ನೇ ಕದ್ದು ತರುತ್ತಾನೆ. ಮದನಿಕೆಯು ಆ ಒಡವೆಗಳ ಗುರುತನ್ನು ಹಿಡಿಯುತ್ತಾಳೆ. ಬಿಡುಗಡೆಯು ಕೈಗೆಟಕುವಷ್ಟು ಹತ್ತಿರದಲ್ಲಿದ್ದರೂ ಅವಳು ಕದ್ದುದನ್ನು ಒಪ್ಪದೆ, ಚಾರುದತ್ತನು ಕಳುಹಿಸಿದನೆಂದು ಹೇಳಿ ಒಡವೆಗಳನ್ನು ಹಿಂದಿರುಗಿಸುವಂತೆ ಅವನನ್ನು ಒಡಂಬಡಿಸುತ್ತಾಳೆ. ಮರೆಯಲ್ಲಿ ನಿಂತು ಎಲ್ಲವನ್ನೂ ಕೇಳಿದ ವಸಂತಸೇನೆಯು ಬಿಡಿಗಾಸನ್ನೂ ಪಡೆಯದೆ ಅವಳನ್ನು ಬಿಡುಗಡೆಮಾಡಿ ಬಂಡಿಯನ್ನೇರಿಸುತ್ತಾಳೆ. ಇನ್ನು ಮೇಲೆ ವಂದನೆಗೆ ಯೋಗ್ಯಳಾದವಳು ನೀನೇ ಎನ್ನುತ್ತಾಳೆ.

ಮೂರನೆಯವನು ಸ್ಥಾವರಕ. ಅವನು ಶಕಾರನ ಗಾಡಿಯನ್ನು ಹೊಡೆಯುವ ಆಳು. ಗಾಡಿಗಳು ಅದಲುಬದಲಾಗಿ ವಸಂತಸೇನೆಯು ಚಾರುದತ್ತನ ಗಾಡಿಯೆಂದು ತಿಳಿದು ಇವನ ಗಾಡಿಯನ್ನು ಹತ್ತಿ ಶಕಾರನ ಉದ್ಯಾನವನ್ನು ಸೇರುತ್ತಾಳೆ. ಅವಳು ತನ್ನನ್ನು ಧಿಕ್ಕರಿಸಿದಾಗ ಶಕಾರನು ಅವಳನ್ನು ಕೊಲ್ಲೆಂದು ಸ್ಥಾವರಕನಿಗೆ ಆಜ್ಞಾಪಿಸುತ್ತಾನೆ. ಬಂಗಾರದ ಕಡಗಗಳನ್ನೂ, ಬಂಗಾರದ ಪೀಠವನ್ನೂ, ಎಲ್ಲ ಆಳುಗಳ ಮೇಲಣ ಅಧಿಕಾರವನ್ನೂ ಕೊಡುವೆನೆಂದು ಆಸೆ ತೋರಿಸುತ್ತಾನೆ. ಸ್ಥಾವರಕನು ಒಪ್ಪುವುದಿಲ್ಲ. ಒಡೆಯನಿಗೆ ತನ್ನ ಮೈಯ ಮೇಲೆ ಅಧಿಕಾರವುಂಟೇ ಹೊರತು ನಡತೆಯ ಮೇಲಿಲ್ಲವೆಂದು ಅವನು ನುಡಿಯುತ್ತಾನೆ. ಮಿತ್ರರೇ, ಸಾವಿರ ವರ್ಷಗಳಿಗೂ ಹಿಂದಿನ ಒಂದು ನಾಟಕದಲ್ಲಿ, ಹೊಡೆತ ತಿನ್ನುತ್ತಿರುವ ಒಬ್ಬ ಆಳು ಈ ಮಾತನ್ನು ಆಡುತ್ತಾನೆ!

ಕೊನೆಗೆ ಶಕಾರನು ತಾನೇ ವಸಂತಸೇನೆಯ ಕೊರಳನ್ನು ಹಿಸುಕಿ, ಸತ್ತಳೆಂದು ಬಗೆದು ಬಿಟ್ಟುಹೋಗುತ್ತಾನೆ. ನಿಜವನ್ನು ಬಲ್ಲ ಆಳಿಗೆ ಬೇಡಿಯನ್ನು ತೊಡಿಸಿ ಮಹಡಿಯಲ್ಲಿ ಕೂಡಿಹಾಕುತ್ತಾನೆ. ಕೊಲೆಯ ಆರೋಪವು ಚಾರುದತ್ತನ ಮೇಲೆ ಬೀಳುತ್ತದೆ, ಅವನಿಗೆ ಮರಣದಂಡನೆಯಾಗುತ್ತದೆ. ವಧಸ್ಥಾನಕ್ಕೆ ಒಯ್ಯುವ ಡಂಗುರದ ಸದ್ದನ್ನು ಕೇಳಿ ಸ್ಥಾವರಕನು ಮೇಲಿನಿಂದ ಕೂಗುತ್ತಾನೆ. ದೂರದಿಂದ ಕೂಗಿದ ಕೂಗು ಕೆಳಗಿನ ಯಾರಿಗೂ ಕೇಳಿಸುವುದಿಲ್ಲ. ತಾನು ಸತ್ತರೂ ಚಿಂತೆಯಿಲ್ಲವೆಂದು ಹಳೆಯ ಕಿಟಕಿಯಿಂದ ಕೆಳಕ್ಕೆ ಹಾರುತ್ತಾನೆ. ಬೇಡಿ ಮುರಿಯುತ್ತದೆ. ಓಡಿಬಂದು ಜನರ ಮುಂದೆ ನಿಜವನ್ನು ಹೇಳುತ್ತಾನೆ. ಶಕಾರನು ಗುಟ್ಟಾಗಿ ಕಡಗವೊಂದನ್ನು ಅವನ ಕೈಗಿಡುತ್ತಾನೆ. ಸ್ಥಾವರಕನು ಅದನ್ನು ಎತ್ತಿ ತೋರಿಸಿ, ನನಗೆ ಲಂಚವನ್ನು ಕೊಡುತ್ತಿದ್ದಾನೆ, ನೋಡಿರೆಂದು ಕೂಗುತ್ತಾನೆ. ಶಕಾರನಿಗೆ ಒಂದೇ ಮಾತು ಸಾಕಾಯಿತು: ಈ ಕಡಗವನ್ನೇ ಇವನು ಕದ್ದಿದ್ದನು, ಅದಕ್ಕಾಗಿಯೇ ಇವನನ್ನು ಕಟ್ಟಿಹಾಕಿದ್ದೆನು ಎಂದನು. ಅಲ್ಲಿದ್ದವರು ಒಡೆಯನ ಮಾತನ್ನೇ ನಂಬಿದರು. ಆಳಾದವನು ಸತ್ಯವನ್ನು ನುಡಿದರೂ ಯಾರೂ ನಂಬುವುದಿಲ್ಲವಲ್ಲಾ ಎಂದು ಸ್ಥಾವರಕನು ಮರುಗುತ್ತಾನೆ. ತನ್ನಿಂದಾದುದು ಇಷ್ಟೇ ಎಂದು ಚಾರುದತ್ತನ ಕಾಲಿಗೆ ಬೀಳುತ್ತಾನೆ.

ಬದುಕಿ ಉಳಿದಿದ್ದ ವಸಂತಸೇನೆಯು ಸಕಾಲಕ್ಕೆ ಬಂದುದರಿಂದ ಚಾರುದತ್ತನ ಪ್ರಾಣ ಉಳಿಯುತ್ತದೆ. ಅತ್ತ ದುಷ್ಟ ರಾಜನು ಹತನಾಗಿ, ದನಗಾಹಿಗಳ ಕುಲದ ಆರ್ಯಕನು ರಾಜನಾಗುತ್ತಾನೆ. ಸ್ಥಾವರಕನಿಗೆ ದಾಸ್ಯದಿಂದ ಬಿಡುಗಡೆ ದೊರೆಯುತ್ತದೆ. ಆದರೆ ನಾಟಕವನ್ನು ಮುಚ್ಚಿಟ್ಟ ಮೇಲೆ ಒಂದು ಪ್ರಶ್ನೆ ಉಳಿಯುತ್ತದೆ. ವಸಂತಸೇನೆಯು ಬದುಕಿರದಿದ್ದರೆ ಏನಾಗುತ್ತಿದ್ದಿತು? ನಿಜವು ಊರಿನ ನಡುಬೀದಿಯಲ್ಲಿ ಗಟ್ಟಿಯಾಗಿ ಕೂಗಿಕೊಂಡಿದ್ದಿತು; ಕೂಗಿದವನು ಆಳಾದುದರಿಂದ ಒಬ್ಬ ನಿರಪರಾಧಿಯು ಸಾಯುತ್ತಿದ್ದನು. ಆಳಿನ ಮಾತನ್ನು ನಂಬದಿದ್ದರೆ ಕೆಡುವುದು ಆಳೊಬ್ಬನೇ ಅಲ್ಲ, ನ್ಯಾಯವೇ ಕೆಡುವುದು. ಕವಿಯು ಇದನ್ನೇ ತೋರಿಸಿದ್ದಾನೆಂದು ನನಗೆ ಅನಿಸುತ್ತದೆ.

ಇನ್ನೊಂದು ಸಂಗತಿಯನ್ನು ಗಮನಿಸಿರಿ. ಮೂಲನಾಟಕದಲ್ಲಿ ಎಲ್ಲರೂ ಒಂದೇ ಭಾಷೆಯನ್ನು ಆಡುವುದಿಲ್ಲ. ಚಾರುದತ್ತನಂಥವರು ಸಂಸ್ಕೃತವನ್ನಾಡಿದರೆ ಹೆಂಗಸರೂ ಆಳುಗಳೂ ಬಗೆಬಗೆಯ ಪ್ರಾಕೃತಗಳನ್ನಾಡುತ್ತಾರೆ. ಬಾಯಿ ತೆರೆದೊಡನೆಯೇ ಇವರು ಮೇಲಿನವರು, ಇವರು ಕೆಳಗಿನವರು ಎಂಬುದು ತಿಳಿದುಹೋಗುತ್ತಿದ್ದಿತು. ಮೂಕಿಚಿತ್ರದಲ್ಲಿ ಈ ಭೇದಕ್ಕೆ ಎಡೆಯಿಲ್ಲ. ಒಡೆಯನೂ ಮೂಕ, ಆಳೂ ಮೂಕ. ಇಬ್ಬರ ಮಾತೂ ಒಂದೇ ಅಳತೆಯ ಬರೆಹದ ಫಲಕದಲ್ಲಿ ಬರಬೇಕು. ಇಬ್ಬರ ಮುಖವನ್ನೂ ನೋಡುಗನು ಒಂದೇ ಕಣ್ಣಿನಿಂದ ನೋಡಬೇಕು. ಬೇಡಿ ತೊಟ್ಟ ಕಾಲು, ಕಿಟಕಿಯಿಂದ ಹಾರುವ ದೇಹ, ಎತ್ತಿ ಹಿಡಿದ ಕಡಗ — ಇವುಗಳಿಗೆ ಭಾಷೆಯೇ ಬೇಕಾಗಿಲ್ಲ.

ಮೇಲು ಕೀಳುಗಳನ್ನು ಕಣ್ಣಿಗೆ ಕಾಣುವಂತೆ ತೋರಿಸುವ ಈ ಶಕ್ತಿಯನ್ನು ಅನ್ಯದೇಶದವರೂ ಬಳಸಿಕೊಂಡರು. 1924ರಲ್ಲಿ ಜರ್ಮನಿಯ ಮುರ್ನೌ ಎಂಬ ನಿರ್ದೇಶಕರು ಮಾಡಿದ ಒಂದು ಚಿತ್ರದಲ್ಲಿ ದೊಡ್ಡ ಹೋಟೆಲಿನ ಬಾಗಿಲು ಕಾಯುವ ಮುದುಕನೊಬ್ಬನಿದ್ದಾನೆ. ಹೊಳೆಯುವ ಗುಂಡಿಗಳ ಉದ್ದ ಕೋಟನ್ನು ತೊಟ್ಟಿರುವವರೆಗೆ ಅವನ ಓಣಿಯ ಜನರು ಅವನಿಗೆ ನಮಸ್ಕರಿಸುತ್ತಾರೆ. ವಯಸ್ಸಾಯಿತೆಂದು ಅವನ ಕೋಟನ್ನು ಕಳಚಿಸಿ ಶೌಚಗೃಹದ ಕೆಲಸಕ್ಕೆ ಹಾಕಿದೊಡನೆ ಅದೇ ಜನರು ನಗುತ್ತಾರೆ. ಮನುಷ್ಯನು ಅವನೇ, ಬದಲಾದುದು ಬಟ್ಟೆ ಮಾತ್ರ. ಬರೆಹದ ಫಲಕಗಳ ಸಹಾಯವೇ ಇಲ್ಲವೆನ್ನುವಂತೆ ಈ ಕಥೆಯನ್ನು ಅವರು ಹೇಳಿದರು.

ನಮ್ಮಲ್ಲಿ 1931ರ ಮಾರ್ಚ್ 14ರಂದು 'ಆಲಂ ಆರಾ' ಬಿಡುಗಡೆಯಾಗಿ ಚಿತ್ರಕ್ಕೆ ಮಾತು ಬಂದಿತು. 1934ರಲ್ಲಿ ಕನ್ನಡದ ಮೊದಲ ವಾಕ್ಚಿತ್ರವಾದ 'ಸತಿ ಸುಲೋಚನಾ' ಬಂದಿತು. ಅದರ ಚಿತ್ರೀಕರಣವೂ ಕೊಲ್ಹಾಪುರದಲ್ಲಿಯೇ ನಡೆಯಿತು. ಅದೇ 1934ರಲ್ಲಿ ಭವನಾನಿಯವರು ಪ್ರೇಮಚಂದರ ಕಥೆಯನ್ನು ಆಧರಿಸಿ ಗಿರಣಿಯ ಕಾರ್ಮಿಕರ ಮೇಲೆ 'ಮಜದೂರ್' ಎಂಬ ಚಿತ್ರವನ್ನು ಮಾಡಿದರು. ಬ್ರಿಟಿಷ್ ಆಡಳಿತದ ಸೆನ್ಸಾರಿನವರು ಅದಕ್ಕೆ ಅಡ್ಡಬಂದರು. ಮೂಕಿಚಿತ್ರಗಳನ್ನಂತೂ ಜನರು ಬೇಗನೆ ಮರೆತರು. ಅವುಗಳ ಫಿಲ್ಮು ಬೇಗನೆ ಹೊತ್ತಿಕೊಳ್ಳುವಂಥದು. ಕೆಲವು ಸುಟ್ಟುಹೋದುವು, ಕೆಲವು ಕೊಳೆತುಹೋದುವು, ಕೆಲವನ್ನು ಅದರೊಳಗಿನ ಬೆಳ್ಳಿಗಾಗಿ ಕರಗಿಸಿದರು. ಭಾರತದಲ್ಲಿ ತಯಾರಾದ ಸಾವಿರಕ್ಕೂ ಮಿಕ್ಕಿದ ಮೂಕಿಚಿತ್ರಗಳಲ್ಲಿ ಇಂದು ಉಳಿದಿರುವುವು ಕೆಲವೇ ಕೆಲವು. ಅವುಗಳಲ್ಲಿಯೂ ಹಲವು ಬರಿಯ ತುಣುಕುಗಳು. ಹಾಗೆ ಉಳಿದವುಗಳನ್ನು ಕಾಪಾಡುತ್ತಿರುವ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವು 1964ರಲ್ಲಿ ನಮ್ಮ ನೆರೆಯ ಪುಣೆಯಲ್ಲಿಯೇ ಸ್ಥಾಪಿತವಾಯಿತು.

ಚಿತ್ರಗಳು ಕಣ್ಮರೆಯಾದಂತೆ ಆಳುಗಳ ಪಾಡೂ ಕಣ್ಮರೆಯಾಯಿತೇ? ಇಲ್ಲ. ದಾಸ್ಯವು ಇಂದು ಕಾಯಿದೆಗೆ ವಿರುದ್ಧವಾದುದು. ಮನೆಗೆಲಸದವರು ಯಾರ ದಾಸರೂ ಅಲ್ಲ, ದುಡಿದು ಸಂಬಳವನ್ನು ಪಡೆಯುವವರು. 1980ರಲ್ಲಿ ಪುಣೆ ನಗರದ ಮನೆಗೆಲಸದ ಹೆಂಗಸರು ತಾವಾಗಿಯೇ ಮುಷ್ಕರವನ್ನು ಹೂಡಿದರು; ಆಮೇಲೆ ಸಂಘವನ್ನೂ ಕಟ್ಟಿಕೊಂಡರು. ಮಹಾರಾಷ್ಟ್ರದಲ್ಲಿ ಮನೆಗೆಲಸಗಾರರ ಕಲ್ಯಾಣ ಮಂಡಳಿಗಾಗಿ 2008ರ ಕಾಯಿದೆ ಬಂದಿತು. 2011ರ ಜೂನ್ 16ರಂದು ಜಿನೀವಾದಲ್ಲಿ ಕೂಡಿದ್ದ ಅಂತಾರಾಷ್ಟ್ರೀಯ ಕಾರ್ಮಿಕ ಸಮ್ಮೇಳನವು, ಮನೆಗೆಲಸವೂ ಉಳಿದೆಲ್ಲ ಉದ್ಯೋಗಗಳಂತೆಯೇ ಒಂದು ಉದ್ಯೋಗ, ಅದಕ್ಕೂ ವಿಶ್ರಾಂತಿ, ರಜೆ, ನ್ಯಾಯವಾದ ಸಂಬಳ ಬೇಕೆಂಬ ಒಪ್ಪಂದವನ್ನು ಅಂಗೀಕರಿಸಿತು. ಇವೆಲ್ಲವೂ ದೊಡ್ಡ ಹೆಜ್ಜೆಗಳೇ ಸರಿ. ಆದರೆ ನಂಬಿಕೆಯು ಕಾಯಿದೆಯಿಂದ ಹುಟ್ಟುವಂಥದಲ್ಲ.

ನಾನು ಈ ಊರಿಗೆ ಬಂದ ಹೊಸತರಲ್ಲಿ ನಮ್ಮ ಓಣಿಯಲ್ಲಿ ನಮ್ಮ ಕಡೆಯವರೇ ಆದ ಒಬ್ಬ ಹೆಣ್ಣುಮಗಳಿದ್ದರು. ನಾವೆಲ್ಲ ಅವರನ್ನು ಕಾಕೂ ಎಂದು ಕರೆಯುತ್ತಿದ್ದೆವು. ಅವರು ನಾಲ್ಕು ಮನೆಗಳಲ್ಲಿ ಪಾತ್ರೆ ತೊಳೆದು, ಕಸ ಗುಡಿಸಿ, ಮೂವರು ಮಕ್ಕಳನ್ನು ಓದಿಸುತ್ತಿದ್ದರು. ಒಂದು ಮನೆಯಲ್ಲಿ ಉಂಗುರವು ಕಾಣದಾಯಿತು. ಯಾರೂ ಏನನ್ನೂ ವಿಚಾರಿಸಲಿಲ್ಲ. ಮಾರನೆಯ ದಿನದಿಂದ ಬರಬೇಡವೆಂದರು. ಎರಡು ದಿನಗಳೊಳಗೆ ಉಳಿದ ಮೂರು ಮನೆಗಳ ಬಾಗಿಲೂ ಮುಚ್ಚಿದುವು. ಹದಿನೈದು ದಿನಗಳ ತರುವಾಯ ಆ ಉಂಗುರವು ಅದೇ ಮನೆಯ ಕಪಾಟಿನಲ್ಲಿ, ಮಡಿಚಿಟ್ಟ ಸೀರೆಯ ಮಡಿಕೆಯಲ್ಲಿ ದೊರೆಯಿತು. ಮತ್ತೆ ಕೆಲಸಕ್ಕೆ ಬಾ ಎಂದು ಹೇಳಿಕಳುಹಿಸಿದರು, ತಪ್ಪಾಯಿತೆಂದು ಹೇಳಲಿಲ್ಲ. ಕಾಕೂ ಹೋಗಲಿಲ್ಲ. "ಉಂಗರ ಸಿಕ್ಕೈತಿ, ನನ್ನ ಮಾತು ಇನ್ನೂ ಸಿಕ್ಕಿಲ್ಲಲ್ಲಪಾ" ಎಂದು ಅವರು ನನ್ನೊಡನೆ ಹೇಳಿದ ಮಾತು ಇಂದಿಗೂ ನನ್ನ ಕಿವಿಯಲ್ಲಿದೆ. ಸ್ಥಾವರಕನ ದೃಶ್ಯವನ್ನು ಎರಡನೆಯ ಸಲ ಓದಿದಾಗ ನನಗೆ ನೆನಪಾದುದು ಆ ಕಾಕೂ ಅವರೇ.

ಈಗ ಆ ವಿದ್ಯಾರ್ಥಿನಿಯ ಪ್ರಶ್ನೆಗೆ 'ಪಾತ್ರದಲ್ಲಿ ಮೇಲು ಕೀಳು ಇಲ್ಲ' ಎಂದು ನಾನು ಉತ್ತರಿಸಲಾರೆ. ಮೇಲು ಕೀಳು ಇದೆ. ನಾಟಕದಲ್ಲಿಯೂ ಇದೆ, ಓಣಿಯಲ್ಲಿಯೂ ಇದೆ, ನಮ್ಮ ಮನಸ್ಸಿನಲ್ಲಿಯೂ ಇದೆ. ಅದಿರುವುದರಿಂದಲೇ ನಿಮ್ಮಲ್ಲಿ ಹಲವರು ಶಾಲೆಯ ಅರ್ಜಿಯಲ್ಲಿ 'ತಾಯಿಯ ಉದ್ಯೋಗ' ಎಂಬ ಕಡೆ ಏನನ್ನೂ ಬರೆಯದೆ ಬಿಡುತ್ತೀರಿ. ಅದನ್ನು ನಾನು ಬಲ್ಲೆ. ಆದರೆ ನಾಚಿಕೆಯು ಯಾರ ಪಾಲಿಗೆ ಸಲ್ಲಬೇಕೆಂಬುದನ್ನು ನಾಟಕವು ಸ್ಪಷ್ಟವಾಗಿ ಹೇಳಿದೆ. ಬಂಗಾರದ ಕಡಗವನ್ನು ಒಡ್ಡಿದವನು ನಾಚಬೇಕು, ಅದನ್ನು ಒಲ್ಲೆನೆಂದವನಲ್ಲ. ನಿಜವನ್ನು ಕೇಳಿಯೂ ನಂಬದವರು ನಾಚಬೇಕು, ನುಡಿದವನಲ್ಲ.

ನಮ್ಮ ನಾಟಕವೇನಾಯಿತೆಂಬುದನ್ನು ಹೇಳಿ ಮುಗಿಸುತ್ತೇನೆ. ಮಾರನೆಯ ವಾರ ತರಗತಿಯಲ್ಲಿ ಸ್ಥಾವರಕನ ಕಥೆಯನ್ನು ಪೂರ್ತಿಯಾಗಿ ಹೇಳಿದೆನು. ಕೇಳಿ ಮುಗಿದ ಮೇಲೆ ಹುಡುಗರು ಬಹಳ ಹೊತ್ತು ಸುಮ್ಮನಿದ್ದರು. ಆಮೇಲೆ ಚಾರುದತ್ತನಾಗಲು ಕೈಯೆತ್ತಿದ್ದ ಏಳು ಮಂದಿಯಲ್ಲಿ ಇಬ್ಬರು ತಾವು ಸ್ಥಾವರಕರಾಗುವೆವೆಂದರು. ಆ ವಿದ್ಯಾರ್ಥಿನಿಯು ಅಂದೂ ಏನನ್ನೂ ಹೇಳಲಿಲ್ಲ, ನಾನೂ ಒತ್ತಾಯಪಡಿಸಲಿಲ್ಲ. ಅಭ್ಯಾಸದ ದಿನ ಅವಳು ಚೀಲದಿಂದ ಒಂದು ಮಣ್ಣಿನ ಬಂಡಿಯನ್ನು ಹೊರಕ್ಕೆ ತೆಗೆದಳು. ಗಾಲಿಗಳು ಅಷ್ಟೇನೂ ದುಂಡಗಿರಲಿಲ್ಲ. ಒಂದು ಕಡೆ ಬಿರುಕೂ ಬಿಟ್ಟಿದ್ದಿತು. "ನಮ್ಮವ್ವ ಮಾಡ್ಯಾಳ್ರೀ" ಎಂದಳು. ರಂಗದ ಮೇಲೆ ಆ ಬಂಡಿಯನ್ನು ಎಳೆದುಕೊಂಡು ಬಂದವಳು ಅವಳೇ.

ಸಮ್ಮೇಳನ ಮುಗಿದ ಮೇಲೆ ಬಂಡಿಯನ್ನು ನಮ್ಮ ವಾಚನಾಲಯದ ಕಪಾಟಿನಲ್ಲಿ ಇರಿಸಿದ್ದೇವೆ. ಪುಸ್ತಕವನ್ನು ಪಡೆಯಲು ಹೋದಾಗ ನೋಡಿರಿ. ನೋಡುವಾಗ ಅದನ್ನು ಮಾಡಿದವರಾರೆಂದು ಕೇಳುವುದನ್ನು ಮರೆಯದಿರಿ.